ವರ್ಜೀನಿಯಾ ವುಲ್ಫ್ ಮತ್ತು ಅವರ ಪತಿ: ಒಂದು ಸ್ಪಷ್ಟನೆ

‘ಗಂಡ ಬರೆಯಲು ಬಿಡದ್ದಕ್ಕೇ ಇಂಗ್ಲಿಷ್ ಕಾದಂಬರಿಗಾರ್ತಿ ವರ್ಜೀನಿಯಾ ವುಲ್ಫ್ ಜೀವ ಕಳೆದುಕೊಂಡರು’ ಎಂಬ ಸಂದೇಶ ಶಿರಸಿಯ ನಮ್ಮ ಓದುಗರ ವಾಟ್ಸಾಪ್ ಗುಂಪಿನಲ್ಲಿ ಓಡಾಡುತ್ತಿದೆ. ಇದು ತಪ್ಪು.

1917ರಲ್ಲಿ ಗಂಡ-ಹೆಂಡತಿ ಸೇರಿಯೇ ಹೊಗಾರ್ತ್ ಪ್ರೆಸ್ ಎಂಬ ಪ್ರಕಾಶನ ಶುರುಮಾಡಿದರು. ಮನೆಯಲ್ಲೇ ಕೈಯಾರೆ ಅಚ್ಚುಮೊಳೆ ಜೋಡಿಸುತ್ತಿದ್ದರು. ಮರುವರ್ಷ ಕತೆಗಾರ್ತಿ ಕ್ಯಾಥರೀನ್ ಮ್ಯಾನ್ಸ್‌ಫೀಲ್ಡ್ ಅವರ ‘ಪ್ರಿಲ್ಯೂಡ್’ ಕತೆಯನ್ನು ಹೊರತಂದವರೂ ಇವರೇ. 1922ರ ‘ಜೇಕಬ್ಸ್ ರೂಮ್’ನಿಂದ ಮುಂದೆ ವರ್ಜೀನಿಯಾ ಅವರ ಕಾದಂಬರಿಗಳೆಲ್ಲ ಇಂಗ್ಲೆಂಡಿನಲ್ಲಿ ಈ ಪ್ರೆಸ್ಸಿನಿಂದಲೇ ಬಂದವು.

ವರ್ಜೀನಿಯಾ ಅವರ ಮಾನಸಿಕ ಕಾಯಿಲೆ ಮರುಕಳಿಸಿದಾಗ, ವೈದ್ಯರ ಮಾತು ಕೇಳಿ, ಪತಿ ಲಿಯೊನಾರ್ಡ್ ಅವರು ಹೆಂಡತಿಯ ಓದು-ಬರಹದ ಹೊತ್ತಿಗೆ ಮಿತಿ ಹಾಕಿದ್ದು ನಿಜ. ಅದು ಸರಿಯೋ ತಪ್ಪೋ ಎಂದು ವಿದ್ವಾಂಸರು ಇಂದಿಗೂ ವಾದಿಸುತ್ತಾರೆ, ವಾದಿಸಬೇಕು ಕೂಡ. ಆದರೆ ಆ ಕಾಯಿಲೆ ಮದುವೆಗಿಂತ ಹಳೆಯದು: 1895ರಲ್ಲಿ ತಾಯಿ ತೀರಿಕೊಂಡಾಗ, 13ರ ಹುಡುಗಿಯನ್ನು ಮೊದಲು ಕಾಡಿದ್ದು. 1941ರಲ್ಲಿ ಪತಿಗೆ ಬರೆದಿಟ್ಟ ಕೊನೆಯ ಪತ್ರದಲ್ಲಿರುವುದು ಕೃತಜ್ಞತೆ, ದೂರಲ್ಲ.