ಪರ-ವಿರೋಧ: ಲಾರಿ ಡ್ರೈವರ್ ಸ್ವಂತ ಗಾಡಿ ತಗೊಳ್ಳಬೇಕೇ?

ಪರ

ಹದಿನಾಲ್ಕು ವರ್ಷ ಬೇರೆಯವರ ಲಾರಿ ಓಡಿಸಿದವನು ನಾನು. ಮಂಗಳೂರಿನಿಂದ ಬೆಂಗಳೂರಿಗೆ ಲೋಡು. ಒಂದು ಮಳೆಗಾಲ ಶಿರಾಡಿ ಘಾಟಿಯಲ್ಲಿ ಗುಡ್ಡ ಕುಸಿದು ಗುಂಡ್ಯದಲ್ಲೇ ಮೂರು ದಿನ ನಿಂತೆವು. ಟಾರ್ಪಲಿನಿಂದ ಇಳಿಯುವ ನೀರನ್ನು ಬಕೆಟ್ಟಿಗೆ ಹಿಡಿದು ಅನ್ನ ಬೇಯಿಸಿದೆವು. ಊರಿಗೆ ಬಂದರೆ ಮಾಲೀಕರು, "ಗಾಡಿ ಓಡದ ದಿನಕ್ಕೆ ಬಾಟಾ ಎಲ್ಲಿಂದ ತರ್ಲಪ್ಪ?" ಎಂದರು. ಬಾಟಾ ಅಂದರೆ ನಮಗೆ ಕೊಡುವ ದಿನದ ಖರ್ಚಿನ ಹಣ. ಕ್ಲೀನರ್ ಹುಡುಗನಿಗೆ ನನ್ನ ಜೇಬಿನಿಂದಲೇ ಕೊಟ್ಟೆ.

ಆ ವರ್ಷವೇ ಹೆಂಡತಿಯ ಸರ ಅಡ ಇಟ್ಟು, ಉಳಿದದ್ದಕ್ಕೆ ಸಾಲ ಮಾಡಿ ಹಳೇ ಆರು ಚಕ್ರದ ಲಾರಿ ತಗೊಂಡೆ. ಆಯುಧಪೂಜೆಗೆ ಎಷ್ಟೋ ಲಾರಿ ತೊಳೆದು ಹಾರ ಹಾಕಿದ್ದೇನೆ. ಆದರೆ ನನ್ನದೇ ಗಾಡಿಯ ಚಕ್ರಕ್ಕೆ ನಿಂಬೆಹಣ್ಣು ಇಟ್ಟು ಕ್ಲಚ್ ಬಿಟ್ಟಾಗ ಕಾಲು ನಡುಗಿತು. ಈಗ ಬ್ರೋಕರ್ ಓವರ್‌ಲೋಡ್ ಹಾಕಲು ಬಂದರೆ ಬೇಡ ಅನ್ನುತ್ತೇನೆ. ಸಂಬಳದವನು ಹಾಗೆ ಅಂದರೆ ಮರುದಿನ ಕೀ ಇನ್ನೊಬ್ಬನ ಕೈಯಲ್ಲಿರುತ್ತದೆ.

ಸಾಲ, ಸಾಲ ಅಂತ ಹೆದರಿಸುತ್ತಾರೆ. ಮಗಳ ಮದುವೆಗೆ ಸಾಲ ಮಾಡುವಾಗ ಯಾರೂ ಹೆದರಿಸಲ್ಲ, ಅಲ್ವಾ? ಸ್ವಂತದ್ದು ಅಂದರೆ ಸ್ವಂತದ್ದೇ.

ವಿರೋಧ

ಈ ಕಡೆ ಬರೆಯಲು ಯಾರೂ ಸಿಗಲಿಲ್ಲವಂತೆ. ಲಾರಿಗಳ ಲೆಕ್ಕ ಬರೆಯುವವನು ಅಂತ ನನ್ನನ್ನು ಹಿಡಿದರು. ಹಾಗಾಗಿ ಲೆಕ್ಕವನ್ನೇ ಹೇಳುತ್ತೇನೆ.

ರಾಜ್ಯ ದಾಟಿ ಓಡಿಸಲು ನ್ಯಾಷನಲ್ ಪರ್ಮಿಟ್ ಬೇಕು, ಅದಕ್ಕೆ ವರ್ಷಕ್ಕೆ 16,500 ರೂಪಾಯಿ. ಎಫ್‌ಸಿ, ಅಂದರೆ ಗಾಡಿ ಓಡಿಸಲು ಯೋಗ್ಯ ಅನ್ನುವ ಸರ್ಟಿಫಿಕೇಟು, ಮೊದಲ 8 ವರ್ಷ ಎರಡು ವರ್ಷಕ್ಕೊಮ್ಮೆ, ಆಮೇಲೆ ಪ್ರತಿ ವರ್ಷ. ಅಂದರೆ ಗಾಡಿ ಹಳೆಯದಾದಷ್ಟೂ ಖರ್ಚು ಜಾಸ್ತಿ. ಮೇಲೆ ಇನ್ಶೂರೆನ್ಸ್, ಟೈರು, ಟೋಲು. 2025ರ ಏಪ್ರಿಲ್ 1ರಂದು ರಾಜ್ಯದಲ್ಲಿ ಡೀಸೆಲ್ ತೆರಿಗೆ 21.17%ಗೆ ಏರಿ ಲೀಟರಿಗೆ 2 ರೂಪಾಯಿ ಹೆಚ್ಚಾಯಿತು. ಅದೇ ದಿನ ಬಾಡಿಗೆಯೂ ಏರಿತಾ? ನನ್ನ ಪುಸ್ತಕದಲ್ಲಂತೂ ಏರಿಲ್ಲ. ವಾಪಸ್ ಬರುವಾಗ ಲೋಡ್ ಸಿಗದಿದ್ದರೆ ಖಾಲಿ ಗಾಡಿಯ ಡೀಸೆಲ್ಲೂ ನಿಮ್ಮದೇ.

ದಿನಕ್ಕೆ 8 ಗಂಟೆ ಕೆಲಸ ಅಂತ ಕಾನೂನು ಹೇಳುತ್ತದೆ. ಯಾರೂ ಪಾಲಿಸಲ್ಲ, ಒಪ್ಪಿದೆ. ಆದರೆ ಸ್ವಂತ ಗಾಡಿಯವನಿಗೆ ಬೈಯಲು ಮಾಲೀಕನೂ ಇಲ್ಲ, ಕನ್ನಡಿ ನೋಡಿಕೊಂಡೇ ಬೈಯಬೇಕು. ನಿಂಬೆಹಣ್ಣಿನ ಮಾತೆಲ್ಲ ಕೇಳಲು ಚೆನ್ನ. ಆಯುಧಪೂಜೆ ವರ್ಷಕ್ಕೊಂದು, ಕಂತು ಹನ್ನೆರಡು.

ಬಾಟಾ ಕತ್ತರಿಸಿದ ವಿಷಯ ನನ್ನ ಲೆಕ್ಕಕ್ಕೆ ಬರಲ್ಲ, ಬಿಡಿ. ನನ್ನ ಬೈಕು ಕಂತಿನದ್ದಾ ಅಂತಲೂ ಕೇಳಬೇಡಿ.