ಓನರ್ ಬೀಗ ಹಾಕಿದ ಅಂತ ಹೈಕೋರ್ಟಿಗೆ ಓಡಬೇಡಿ

ಮುಂಬೈಯಲ್ಲಿ ಹೋಟೆಲ್ ನಡೆಸುವ ನಮ್ಮವರಿಗೆ ಇದನ್ನು ಹೇಳಲೇಬೇಕು. ಕಂಡಕ್ಟಿಂಗ್ ಅಗ್ರಿಮೆಂಟ್ (ಓನರ್‌ನ ಹೋಟೆಲನ್ನು ರಾಯಲ್ಟಿ ಅಂತ ಹಣ ಕೊಟ್ಟು ನಾವು ನಡೆಸುವ ಒಪ್ಪಂದ) ಜಗಳ ಇರಲಿ, ಡೆಪಾಸಿಟ್ ಜಗಳ ಇರಲಿ, "ನೇರ ಹೈಕೋರ್ಟಿಗೆ ಹೋಗಿ ಒಂದು ರಿಟ್ ಹಾಕಿ, ಬೇಗ ಆರ್ಡರ್ ಸಿಗುತ್ತೆ" ಅಂತ ಸಲಹೆ ಕೊಡುವವರು ಜಾಸ್ತಿ ಆಗಿದ್ದಾರೆ. ರಿಟ್ ಅಂದರೆ ಹಕ್ಕಿಗೆ ಧಕ್ಕೆಯಾಯಿತು ಅಂತ ನೇರ ಹೈಕೋರ್ಟಿಗೆ ಹಾಕುವ ಅರ್ಜಿ. ಫೋರ್ಟ್‌ನಲ್ಲಿ ವಕೀಲಿ ಮಾಡುವ ನನಗೆ ಇದನ್ನು ನೋಡಿ ನೋಡಿ ಸಂಕಟವಾಗುತ್ತದೆ. ಹಣ ಹೇಗೂ ಹೋಗುತ್ತೆ. ಅದರ ಜೊತೆ ಸರಿಯಾದ ಕೋರ್ಟಿನಲ್ಲಿ ಕೇಸು ಹಾಕುವ ವಾಯ್ದೆಯೂ ಹೋಗುತ್ತೆ.

ಘಾಟ್ಕೋಪರ್‌ನಿಂದ ಒಬ್ಬರು ಬಂದಿದ್ದರು, ಊರು ಕುಂದಾಪುರದ ಕಡೆ. ಬೆಳಿಗ್ಗೆ ಶಟರ್ ಎತ್ತಲು ಹೋದರೆ ತಮ್ಮ ಬೀಗದ ಪಕ್ಕ ಇನ್ನೊಂದು ಹೊಸ ಬೀಗ. ಒಳಗೆ ರಾತ್ರಿ ರುಬ್ಬಿಟ್ಟ ಇಡ್ಲಿ ಹಿಟ್ಟು, ಫ್ರಿಜ್‌ನಲ್ಲಿ ಹಾಲು, ಅಟ್ಟದ ಮೇಲೆ ಹುಡುಗರ ಬಟ್ಟೆಬರೆ. ಅಗ್ರಿಮೆಂಟ್ ಮುಗಿದಿರಲಿಲ್ಲ. ಓನರ್‌ಗೆ ಜಾಸ್ತಿ ರಾಯಲ್ಟಿ ಕೊಡುವವರು ಸಿಕ್ಕಿದ್ದರು, ಅಷ್ಟೇ. ಪೊಲೀಸರು ಒಂದು ಎನ್‌ಸಿ (ಎಫ್‌ಐಆರ್ ಅಲ್ಲದ ಸಣ್ಣ ದೂರಿನ ದಾಖಲೆ) ಬರೆದುಕೊಂಡು "ಸಿವಿಲ್ ಮ್ಯಾಟರ್" ಅಂದರು. ಯಾರದ್ದೋ ಮಾತು ಕೇಳಿ ರಿಟ್ ಹಾಕಿದರು, ಬದುಕುವ ಹಕ್ಕು, ವ್ಯಾಪಾರದ ಹಕ್ಕು ಎಲ್ಲ ಬರೆಸಿ. ಸಿವಿಲ್ ಕೋರ್ಟಿಗೆ ಹೋಗಿ ಅಂತ ಹೈಕೋರ್ಟ್ ಹೇಳುವ ಹೊತ್ತಿಗೆ ಆರು ತಿಂಗಳು ದಾಟಿತ್ತು.

ಆ ಆರು ತಿಂಗಳಲ್ಲೇ ಎಲ್ಲ ಇರುವುದು. ಕಾನೂನಿನ ದಾರಿ ಬಿಟ್ಟು ಯಾರನ್ನಾದರೂ ಜಾಗದಿಂದ ಹೊರಗೆ ಹಾಕಿದರೆ, ಮಾಲೀಕ ಯಾರು ಅಂತ ಕೇಳದೆ ಸ್ವಾಧೀನ ವಾಪಸ್ ಕೊಡಿಸಲು ಸ್ಪೆಸಿಫಿಕ್ ರಿಲೀಫ್ ಆಕ್ಟ್‌ನ ಸೆಕ್ಷನ್ 6 ಇದೆ. ದಾವೆ 6 ತಿಂಗಳೊಳಗೆ ಹಾಕಬೇಕು. ತಪ್ಪು ಕೋರ್ಟಿನಲ್ಲಿ ಕಳೆದ ದಿನಗಳನ್ನು ಬಿಟ್ಟು ಲೆಕ್ಕ ಹಾಕಿ ಅಂತ ಲಿಮಿಟೇಶನ್ ಆಕ್ಟ್‌ನ ಸೆಕ್ಷನ್ 14ರಲ್ಲಿ ಕೇಳಬಹುದು, ಆದರೆ ಪ್ರಾಮಾಣಿಕವಾಗಿ, ಜಾಗ್ರತೆಯಿಂದ ಅಲ್ಲಿಗೆ ಹೋಗಿದ್ದೆ ಅಂತ ತೋರಿಸಬೇಕು, ಅದೇ ಇನ್ನೊಂದು ಜಗಳ ಆಗುತ್ತದೆ.

ಹೈಕೋರ್ಟ್ ಯಾಕೆ ಕೈ ಹಾಕುವುದಿಲ್ಲ? ರಿಟ್‌ಗೆ ಆಧಾರವಾದ ಸಂವಿಧಾನದ ಆರ್ಟಿಕಲ್ 226 ಮುಖ್ಯವಾಗಿ ಸರ್ಕಾರವನ್ನು, ಸಾರ್ವಜನಿಕ ಕರ್ತವ್ಯ ಇರುವವರನ್ನು ಪ್ರಶ್ನಿಸಲು ಇರುವುದು. ಆರ್‌ಬಿಐ ನಿಯಮಕ್ಕೆ ಒಳಪಟ್ಟ ಮಾತ್ರಕ್ಕೆ ಖಾಸಗಿ ಬ್ಯಾಂಕಿನ ಮೇಲೆ ರಿಟ್ ನಡೆಯುವುದಿಲ್ಲ ಅಂತ 2003ರ ಫೆಡರಲ್ ಬ್ಯಾಂಕ್ ಕೇಸಿನಲ್ಲೇ ಸುಪ್ರೀಂ ಕೋರ್ಟ್ ಹೇಳಿದೆ. ಎದುರಿಗಿರುವುದು ಸರ್ಕಾರಿ ಸಂಸ್ಥೆಯಾದರೆ ಕಾಂಟ್ರಾಕ್ಟ್ ವಿಷಯಕ್ಕೂ ರಿಟ್ ಆಗಬಹುದು, 2003ರ ಡಿಸೆಂಬರ್‌ನ ಎಬಿಎಲ್ ಇಂಟರ್‌ನ್ಯಾಶನಲ್ ತೀರ್ಪು ಅದೇ. ಇನ್ನೊಂದು ಕಾರಣ ಸಾಕ್ಷಿ. ಕಂಡಕ್ಟಿಂಗ್ ಅಗ್ರಿಮೆಂಟ್‌ಗಳಲ್ಲಿ "ಜಾಗದ ಸ್ವಾಧೀನ ಓನರ್‌ದೇ" ಅಂತ ಒಂದು ಸಾಲು ಹಾಕಿರುತ್ತಾರೆ, ಸಹಿ ಹಾಕುವಾಗ ಯಾರೂ ಓದುವುದಿಲ್ಲ, ಆಮೇಲೆ ಇಡೀ ಕೇಸು ಅದರ ಮೇಲೇ ನಿಲ್ಲುತ್ತದೆ. ಕೀಲಿಕೈ ಯಾರ ಹತ್ತಿರ ಇತ್ತು, ಕರೆಂಟ್ ಬಿಲ್ ಯಾರು ಕಟ್ಟಿದರು, ಇದನ್ನೆಲ್ಲ ಪಾಟಿ ಸವಾಲು ಇಲ್ಲದೆ ಬರೀ ಅಫಿಡವಿಟ್ ನೋಡಿ ಹೇಳಲು ಆಗಲ್ಲ ಅಲ್ವಾ?

ಇಷ್ಟು ಹೇಳಿದ ನನಗೂ ಒಂದು ತೀರ್ಪು ಒಪ್ಪಿಗೆಯಿಲ್ಲ. ಏರ್ ಇಂಡಿಯಾದ ಕೆಲವು ನೌಕರರು ಬಡ್ತಿ, ಸಂಬಳದ ವಿಷಯಕ್ಕೆ ಬಾಂಬೆ ಹೈಕೋರ್ಟಿನಲ್ಲಿ ರಿಟ್ ಹಾಕಿದಾಗ ಅದು ಸರ್ಕಾರದ ಕಂಪನಿ. ಕೇಸು ವರ್ಷಗಟ್ಟಲೆ ಬಾಕಿ ಉಳಿಯಿತು. 2022ರ ಜನವರಿಯಲ್ಲಿ ಕಂಪನಿ ಟಾಟಾ ಕೈಗೆ ಹೋಯಿತು. ಅದೇ ವರ್ಷ ಹೈಕೋರ್ಟ್, ಈಗ ಇದು ಖಾಸಗಿ, ರಿಟ್ ನಡೆಯುವುದಿಲ್ಲ ಅಂದಿತು. 2024ರ ಮೇಯಲ್ಲಿ ಸುಪ್ರೀಂ ಕೋರ್ಟೂ ಎತ್ತಿಹಿಡಿಯಿತು. ಹಾಕಿದ ದಿನ ಸರಿಯಾದ ಬಾಗಿಲನ್ನೇ ತಟ್ಟಿದವರು ಅವರು. ತಡವಾದದ್ದು ಕೋರ್ಟಿನಲ್ಲಿ, ಕಂಪನಿ ಮಾರಿದ್ದು ಸರ್ಕಾರ. ಅದಕ್ಕೆ ನೌಕರರು ಮತ್ತೆ ಮೊದಲಿಂದ ಬೇರೆ ಕಡೆ ಹೋಗಬೇಕು ಅಂದರೆ ಅದು ಅನ್ಯಾಯ. ಕೇಸು ಹಾಕಿದ ದಿನ ಯಾರು ಏನಾಗಿದ್ದರು ಅನ್ನುವುದೇ ಲೆಕ್ಕಕ್ಕೆ ಬರಬೇಕಿತ್ತು.

ಜನ ಹೈಕೋರ್ಟಿಗೆ ಸುಮ್ನೆ ಓಡುವುದಿಲ್ಲ. ಸಿವಿಲ್ ಕೋರ್ಟಿನಲ್ಲಿ ತಾರೀಕು ಮೇಲೆ ತಾರೀಕು ಬೀಳುವ ಭಯಕ್ಕೆ ಓಡುತ್ತಾರೆ. ನಮ್ಮ ಹೋಟೆಲಿನವರ ಸಂಘಗಳು ದನಿ ಎತ್ತಬೇಕಾದದ್ದು ಇದಕ್ಕೆ: ಫೋರ್ಟ್, ದಿಂಡೋಶಿಯ ಸಿಟಿ ಸಿವಿಲ್ ಕೋರ್ಟಿಗೆ ಸಾಕಷ್ಟು ಜಡ್ಜ್‌ಗಳು ಬೇಕು, ಬೀಗ ಹಾಕಿದ ಕೇಸಿನಲ್ಲಿ ಮಧ್ಯಂತರ ಅರ್ಜಿ ಮೊದಲ ವಾರದಲ್ಲೇ ವಿಚಾರಣೆಗೆ ಬರಬೇಕು.

ಸದ್ಯಕ್ಕೆ ಬೀಗ ಕಂಡ ದಿನವೇ ಫೋಟೋ ತೆಗೆಯಿರಿ, ಎನ್‌ಸಿಯ ಪ್ರತಿ ತೆಗೆದುಕೊಳ್ಳಿ, ಅದೇ ವಾರ ಸಿವಿಲ್ ವಕೀಲರನ್ನು ನೋಡಿ. ಲೀವ್ ಆಂಡ್ ಲೈಸೆನ್ಸ್ (ಬಾಡಿಗೆದಾರನ ಹಕ್ಕು ಕೊಡದೆ ಜಾಗ ಬಳಸಲು ಮಾತ್ರ ಬಿಡುವ ಒಪ್ಪಂದ) ಆದರೆ ಸಾಮಾನ್ಯವಾಗಿ ಧೋಬಿ ತಲಾವ್‌ನ ಸ್ಮಾಲ್ ಕಾಸಸ್ ಕೋರ್ಟು. ಅಗ್ರಿಮೆಂಟ್ ಓನರ್ ಹತ್ತಿರ ಮಾತ್ರ ಇದ್ದರೆ ಇವತ್ತೇ ಝೆರಾಕ್ಸ್ ತೆಗೆಸಿ ಮನೆಯಲ್ಲಿಡಿ, ಹೋಟೆಲಿನ ಗಲ್ಲಾದಲ್ಲಿ ಬೇಡ.