ಗೂಂಡಾ ಕಾಯ್ದೆ ಹಾಕಿದ ಮೇಲೆ ಏನು?

ಹಾಸನದ ಕಡೆ ಏನಾದರೂ ಗಲಾಟೆ ಆಯಿತೆಂದರೆ ನಮ್ಮ ಮನೆಯವರ ಗ್ರೂಪಿನಲ್ಲಿ ಮೊದಲು ಬರುವ ಮಾತು, "ಗೂಂಡಾ ಕಾಯ್ದೆ ಹಾಕಿ ಒಳಗೆ ಕೂರಿಸಬೇಕು." ಮ್ಯೂನಿಕ್‌ನಲ್ಲಿ ಕೂತು ಓದುವ ನನಗೂ ಆ ಸಿಟ್ಟು ಅರ್ಥವಾಗುತ್ತದೆ. ಒಳಗೆ ಹೋದವನ ಕಥೆ ಮುಂದೇನು ಅಂತ ಮಾತ್ರ ಯಾರೂ ಕೇಳುವುದಿಲ್ಲ.

ಜರ್ಮನಿಯನ್ನು ಹೊಗಳಲು ಹೊರಟಿಲ್ಲ. ಗೂಂಡಾ ಕಾಯ್ದೆಯ ಹಾಗೆ ಅಪರಾಧ ಆಗುವ ಮೊದಲೇ ಹಿಡಿದಿಡುವ ಕಾನೂನು ಮ್ಯೂನಿಕ್ ಇರುವ ಬವೇರಿಯಾ ರಾಜ್ಯದಲ್ಲೂ ಇದೆ. ರಸ್ತೆಗೆ ಕೈ ಅಂಟಿಸಿಕೊಂಡು ಕೂರುತ್ತಿದ್ದ ಹವಾಮಾನ ಹೋರಾಟಗಾರರಲ್ಲಿ ಕೆಲವರನ್ನು 2022ರ ನವೆಂಬರ್‌ನಲ್ಲಿ 30 ದಿನ ಕೂಡಿಹಾಕಲು ಆದೇಶವಾಯಿತು. ನನಗದು ಅತಿ ಅನ್ನಿಸಿತು. ಆದರೆ ಆದೇಶ ಕೊಟ್ಟವರು ಜಡ್ಜ್. ಹಿಡಿದ ಮರುದಿನ ಮುಗಿಯುವುದರೊಳಗೆ ಜಡ್ಜ್ ಒಪ್ಪದಿದ್ದರೆ ಪೊಲೀಸರು ಬಿಡಲೇಬೇಕು.

ನಮ್ಮಲ್ಲಿ ಕಳ್ಳತನದ ಆರೋಪಿಗೂ 24 ಗಂಟೆಯೊಳಗೆ ಮ್ಯಾಜಿಸ್ಟ್ರೇಟ್ ಮುಂದೆ ಹೋಗುವ ಹಕ್ಕಿದೆ, ವಕೀಲರ ಹಕ್ಕಿದೆ. ಸಂವಿಧಾನದ 22ನೇ ವಿಧಿ ಕೊಟ್ಟದ್ದು. ಅದೇ ವಿಧಿ ಮುಂಜಾಗ್ರತಾ ಬಂಧನದಲ್ಲಿ, ಅಂದರೆ ಮುಂದೆ ಏನಾದರೂ ಮಾಡಿಯಾನು ಅಂತ ಮೊದಲೇ ಹಿಡಿದಿಟ್ಟ ಸ್ಥಿತಿಯಲ್ಲಿ, ಇರುವವನಿಗೆ ಇವೆರಡೂ ಇಲ್ಲ ಅನ್ನುತ್ತದೆ. 1985ರ ಗೂಂಡಾ ಕಾಯ್ದೆಯಲ್ಲಿ ಡಿಸಿ ಆದೇಶಕ್ಕೆ ಸರ್ಕಾರ 12 ದಿನದೊಳಗೆ ಒಪ್ಪಿಗೆ ಕೊಡಬೇಕು. ಹಿಡಿದಿಡಲು ಸಾಕಷ್ಟು ಕಾರಣ ಇದೆಯಾ ಅಂತ ನೋಡುವ ಸಲಹಾ ಮಂಡಳಿಯ ವರದಿ ಬರಲು ಏಳು ವಾರದವರೆಗೆ ಟೈಮಿದೆ. ಮಂಡಳಿ ಹೂಂ ಅಂದರೆ ಒಂದು ವರ್ಷದವರೆಗೂ ಜೈಲು.

ಹಾಗಂತ ಹಕ್ಕೇ ಇಲ್ಲ ಅಂತಲ್ಲ. ಯಾಕೆ ಹಿಡಿದಿರಿ ಅಂತ ಐದು ದಿನದೊಳಗೆ ಬರೆದು ಕೊಡಬೇಕು. ಅವನಿಗೆ ಗೊತ್ತಿರುವ ಭಾಷೆಯಲ್ಲಿ ತಿಳಿಸಬೇಕು ಅಂತ ಸುಪ್ರೀಂ ಕೋರ್ಟ್ 1962ರಲ್ಲೇ ಹೇಳಿದೆ. ಕನ್ನಡ ಬಿಟ್ಟು ಬೇರೆ ಬಾರದ ಹೊಳೆನರಸೀಪುರದ ಹುಡುಗನ ಕೈಗೆ ಬರೀ ಇಂಗ್ಲಿಷ್ ಕಂತೆ ಇಟ್ಟರೆ ಹೈಕೋರ್ಟ್‌ನಲ್ಲಿ ಆದೇಶವೇ ಬಿದ್ದುಹೋಗಬಹುದು. ಅವನು ಮನವಿ ಕೊಟ್ಟರೆ ಸರ್ಕಾರ ಸುಮ್ನೆ ಇಟ್ಟುಕೊಂಡು ಕೂರುವಂತಿಲ್ಲ. ಇದು ಮನೆಯವರಿಗೆ ಗೊತ್ತಿದ್ದರೆ ತಾನೇ?

ನನ್ನ ತಕರಾರು ಇರುವುದು ಮಂಡಳಿಯ ಬಗ್ಗೆ. ಅಲ್ಲಿ ವಕೀಲರನ್ನು ಕರೆತರುವ ಹಕ್ಕಿಲ್ಲ. ಸರ್ಕಾರದ ಕಡೆಗೆ ವಕೀಲರು ಬಂದರೆ ಅವನಿಗೂ ಕೊಡಬೇಕು, ಇಲ್ಲದಿದ್ದರೆ ಸ್ನೇಹಿತನ ನೆರವು ಪಡೆಯಬಹುದು ಅಂತ 1981ರಲ್ಲಿ ಎ.ಕೆ. ರಾಯ್ ಪ್ರಕರಣದಲ್ಲಿ ತೀರ್ಪಾಯಿತು. ಎಸ್ಸೆಸ್ಸೆಲ್ಸಿಗೇ ಬಿಟ್ಟವನು ದಪ್ಪ ಪೊಲೀಸ್ ಫೈಲಿಗೆ ಗೆಳೆಯನನ್ನು ಪಕ್ಕ ಕೂರಿಸಿಕೊಂಡು ಉತ್ತರ ಕೊಡಬೇಕಂತೆ!

"ರೌಡಿಗಳ ಪರ ಮಾತಾಡ್ತೀಯಲ್ಲೋ" ಅಂತ ಚಿಕ್ಕಪ್ಪ ರೇಗುತ್ತಾರೆ. ಅವನು ರೌಡಿ ಅಂತ ಹೇಳಿದವರು ಯಾರು ಚಿಕ್ಕಪ್ಪ, ಹಿಡಿದವರೇ ಅಲ್ವಾ?

ಮಂಡಳಿಯನ್ನು ಕೇಳದೆ ಹಿಡಿದಿಡಲು ಸಂವಿಧಾನ ಬಿಡುವ ಮೂರು ತಿಂಗಳನ್ನು ಎರಡಕ್ಕೆ ಇಳಿಸಲು 1978ರ 44ನೇ ತಿದ್ದುಪಡಿಯಲ್ಲಿ ಒಂದು ಭಾಗವಿದೆ. ಪಾಸು ಮಾಡಿಸಿದ ಜನತಾ ಸರ್ಕಾರದಲ್ಲಿ ಎಮರ್ಜೆನ್ಸಿಯಲ್ಲಿ ಜೈಲು ಕಂಡವರೇ ತುಂಬಿದ್ದರು. ಆ ಭಾಗವನ್ನು ಅವರೂ ಜಾರಿಗೆ ತರಲಿಲ್ಲ, ಆಮೇಲೆ ಬಂದ ಯಾರೂ ತಂದಿಲ್ಲ.